ಎಗಿಲ್ ಯೋಹಾನ್ಸೆನ್ ಯಾರು? ಅವರ ಡ್ರಮ್ಸ್ ಕೇಳೋಕೆ ಎಲ್ಲಿಂದ ಶುರು ಮಾಡಲಿ?

1934ರಲ್ಲಿ ಓಸ್ಲೋದಲ್ಲಿ ಹುಟ್ಟಿದ ಜಾಝ್ ಡ್ರಮ್ಮರ್ ಇವರು. ಇಪ್ಪತ್ತರ ಹರೆಯದಲ್ಲೇ ಸ್ವೀಡನ್‌ಗೆ ಹೋಗಿ ಅಲ್ಲೇ ನೆಲೆಯೂರಿದರು. ಪಿಯಾನೋದ ಯಾನ್ ಯೋಹಾನ್ಸನ್, ಸ್ಯಾಕ್ಸೊಫೋನ್‌ನ ಆರ್ನೆ ಡೊಮ್ನೇರಸ್ ಜೊತೆ ನುಡಿಸಿದರು. 1998ರಲ್ಲಿ ತೀರಿಕೊಂಡರು.

ಶುರು ಮಾಡೋಕೆ ‘ಜಾಝ್ ಅಟ್ ದ ಪಾನ್‌ಶಾಪ್’ ಆಲ್ಬಮ್ ಕೇಳಿ. 1976ರ ಡಿಸೆಂಬರ್‌ನಲ್ಲಿ ಸ್ಟಾಕ್‌ಹೋಮ್‌ನ ಸ್ಟಾಂಪೆನ್ ಕ್ಲಬ್‌ನಲ್ಲಿ, ಜನರ ಮುಂದೆಯೇ ರೆಕಾರ್ಡ್ ಆದದ್ದು. ಆ ಕ್ಲಬ್ ಇದ್ದ ಜಾಗ ಹಿಂದೆ ಗಿರವಿ ಅಂಗಡಿ, ಅಂದರೆ ಪಾನ್‌ಶಾಪ್ ಆಗಿತ್ತು. ಗ್ಲಾಸುಗಳ ಸದ್ದು, ಜನರ ಮಾತು ಎಲ್ಲವೂ ಕೇಳಿಸುತ್ತದೆ. ಆ ಗದ್ದಲದ ನಡುವೆಯೂ ಎಗಿಲ್ ಅವರ ಸಿಂಬಲ್ (ಡ್ರಮ್ಸ್ ಜೊತೆಗಿರುವ ಲೋಹದ ತಟ್ಟೆ) ಎಷ್ಟು ಸ್ಪಷ್ಟ ಅಂದ್ರೆ, ಒಳ್ಳೆ ಸ್ಪೀಕರ್ ಹುಡುಕುವವರು ಇಂದಿಗೂ ಇದನ್ನೇ ಹಾಕಿ ನೋಡುತ್ತಾರೆ. ನನಗೆ ಜಾಸ್ತಿ ಇಷ್ಟವಾಗೋದು ಅವರ ಸಂಯಮ. ಸುಮ್ನೆ ಅಬ್ಬರಿಸುವುದಿಲ್ಲ. ಲಾರ್ಸ್ ಎರ್‌ಸ್ಟ್ರಾಂಡ್ ಅವರ ವೈಬ್ರಾಫೋನ್‌ಗೆ (ಕೋಲಿನಿಂದ ಬಡಿದು ನುಡಿಸುವ ಲೋಹದ ಪಟ್ಟಿಗಳ ವಾದ್ಯ) ಜಾಗ ಬಿಟ್ಟು, ಹಿಂದೆ ನಿಂತು ಲಯ ಕಾಯುತ್ತಾರೆ.