ಮೂಕಿ ಚಿತ್ರದವರು ನಿಜವಾಗಿ ಅಷ್ಟು ಬಿರುಸಾಗಿ ಓಡುತ್ತಿದ್ದರೇ?

ಪ್ರಶ್ನೆ: ಹಳೆಯ ಮೂಕಿ ಹಾಸ್ಯಚಿತ್ರಗಳನ್ನು ಮೊಮ್ಮಗಳಿಗೆ ಮೊಬೈಲಿನಲ್ಲಿ ತೋರಿಸುತ್ತಿರುತ್ತೇನೆ. ‘ಅಜ್ಜ, ಇವರೆಲ್ಲ ಯಾಕೆ ಗೊಂಬೆ ಥರ ಪಟಪಟ ಓಡ್ತಾರೆ?’ ಅಂದಳು. ಬೀಳುವುದು, ಏಳುವುದು ಎಲ್ಲ ಕ್ಯಾಮೆರಾದ ಕೈಚಳಕವೇ?
– ಓದುಗರೊಬ್ಬರು, ಸಾಗರ

ಉತ್ತರ: ಮೊಮ್ಮಗಳ ಕಣ್ಣು ಚುರುಕಾಗಿದೆ. ಆಗ ಕ್ಯಾಮೆರಾವನ್ನು ಕೈಯಲ್ಲಿ ಹಿಡಿಕೆ ತಿರುಗಿಸಿ ಓಡಿಸುತ್ತಿದ್ದರು. ಸೆಕೆಂಡಿಗೆ ಸುಮಾರು 16ರಿಂದ 20 ಫ್ರೇಮು, ಅಂದರೆ ಬಿಡಿ ಚಿತ್ರ. ಟಾಕಿ ಬಂದ ಮೇಲೆ 24 ಎಂದು ಗೊತ್ತಾಯಿತು. ಚಿತ್ರಮಂದಿರದ 35 ಎಂಎಂ ಫಿಲ್ಮಿನ ಸಾವಿರ ಅಡಿಯ ರೀಲಿನಲ್ಲಿ 16,000 ಫ್ರೇಮು; 16ರ ವೇಗದಲ್ಲಿ ಸುಮಾರು ಹದಿನಾರೂವರೆ ನಿಮಿಷ ಬರುವುದು 24ರಲ್ಲಿ ಓಡಿಸಿದರೆ ಹನ್ನೊಂದೇ ನಿಮಿಷಕ್ಕೆ ಮುಗಿದುಹೋಗುತ್ತದೆ. ಅಟ್ಟಿಸಿಕೊಂಡು ಹೋಗುವ ದೃಶ್ಯಗಳಲ್ಲಿ ಬೇಕೆಂದೇ ಹಿಡಿಕೆ ನಿಧಾನ ತಿರುಗಿಸುತ್ತಿದ್ದದ್ದೂ ಉಂಟು; ಫ್ರೇಮು ಕಡಿಮೆಯಾಗಿ ತೆರೆಯ ಮೇಲೆ ಓಟ ಇನ್ನೂ ಬಿರುಸಾಗುತ್ತಿತ್ತು. ಓಟದ ಮಟ್ಟಿಗೆ ಕೈಚಳಕ ಇಷ್ಟೇ.

ಬೀಳುವುದು ಮಾತ್ರ ನಿಜ. ನಾನು ಊರಿನ ಚಿತ್ರ ಸಮಾಜದಲ್ಲಿ ಬಹಳ ವರ್ಷ 16 ಎಂಎಂ ಪ್ರೊಜೆಕ್ಟರ್ ಓಡಿಸಿದವನು. ಒಮ್ಮೆ ಅಮೆರಿಕದ ಮೂಕಿ ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ (1920) ಹಾಕಿದ್ದೆವು. ಎರಡೇ ರೀಲಿನ ಚಿತ್ರ. ಹೊಸ ಜೋಡಿಗೆ ಬಿಡಿಬಿಡಿ ಭಾಗಗಳ ಮನೆ ಉಡುಗೊರೆ ಬರುತ್ತದೆ. ಹುಡುಗಿಯ ಮೇಲೆ ಆಸೆಯಿಟ್ಟಿದ್ದವನೊಬ್ಬ ಪೆಟ್ಟಿಗೆಗಳ ನಂಬರು ತಿದ್ದಿಬಿಡುತ್ತಾನೆ. ಎದ್ದುನಿಂತ ಮನೆ ಸೊಟ್ಟಂಬಟ್ಟ. ಮಹಡಿಯ ಬಾಗಿಲು ತೆರೆದು ಕೀಟನ್ ಹೆಜ್ಜೆಯಿಟ್ಟರೆ ಆಚೆ ಏನೂ ಇಲ್ಲ, ಸೀದಾ ನೆಲಕ್ಕೆ. ಪ್ರೊಜೆಕ್ಟರಿನ ಗುಂಡಿ 24ರಲ್ಲಿದ್ದುದರಿಂದ ಚಿಂದಿಗೊಂಬೆ ಬಿದ್ದಂತೆ ಕಂಡಿತು. ರೀಲು ಹಿಂದಕ್ಕೆ ಸುತ್ತಿ, ಗುಂಡಿಯನ್ನು ಮೂಕಿ ವೇಗಕ್ಕೆ ತಳ್ಳಿ, ಮತ್ತೆ ಹಾಕಿದೆ. ಈಗ ಒಂದು ಮೈಯ ಭಾರ ಕಂಡಿತು. ಮುಂದಿನ ಸಾಲಿನ ಹೆಂಗಸೊಬ್ಬರು ‘ಅಯ್ಯೋ’ ಅಂದು, ಆಮೇಲೆ ನಕ್ಕರು. ಡೂಪ್ ಇಲ್ಲ, ಬಿದ್ದವನು ಕೀಟನ್ನೇ. ಪುಟ್ಟ ಹುಡುಗನಾಗಿದ್ದಾಗಲೇ ಅಪ್ಪ ಅವನನ್ನು ನಾಟಕದ ವೇದಿಕೆಯ ಮೇಲೆ ಎತ್ತಿ ಎಸೆಯುತ್ತಿದ್ದ. ಹಿಡಿಯಲು ಅನುಕೂಲವಾಗಲಿ ಎಂದು ಅಂಗಿಗೆ ಸೂಟ್‌ಕೇಸಿನ ಹಿಡಿ ಹೊಲಿದಿದ್ದರು. ಬೀಳುವ ವಿದ್ಯೆ ಅಲ್ಲಿ ಕಲಿತದ್ದು. ತಾನು ನಗದಿದ್ದರೆ ಜನ ಹೆಚ್ಚು ನಗುತ್ತಾರೆ ಎಂಬುದೂ ಅಲ್ಲೇ. ಬಿರುಗಾಳಿಯಲ್ಲಿ ಬುಗುರಿಯಂತೆ ಸುತ್ತುವ ಆ ಮನೆಯೂ ಆಟಿಕೆಯಲ್ಲ. ತಿರುಗುವ ಚಕ್ರದ ಮೇಲೆ ಕಟ್ಟಿದ ಪೂರ್ಣಗಾತ್ರದ ಮನೆ.

ಮೊಬೈಲಿನಲ್ಲಿ ವೇಗ ಬದಲಿಸುವ ಸೌಲಭ್ಯ ಇರುತ್ತದೆ. ಚಿತ್ರ ತೀರಾ ಅವಸರವಾಗಿ ಕಂಡರೆ 0.75ಕ್ಕೆ ಇಳಿಸಿ, 24 ಇದ್ದದ್ದು 18 ಆಗುತ್ತದೆ. ಒಳ್ಳೆಯ ಹೊಸ ಪ್ರತಿಗಳಲ್ಲಿ ವೇಗ ಮೊದಲೇ ಸರಿಮಾಡಿರುತ್ತಾರೆ, ಅವನ್ನು ಮುಟ್ಟಬೇಡಿ. ಮೊಮ್ಮಗಳಿಗೆ ‘ಒನ್ ವೀಕ್’ ತೋರಿಸಿ. ಕೊನೆಯಲ್ಲಿ ಮನೆ ರೈಲುಹಳಿಯ ಮೇಲೆ ಸಿಕ್ಕಿಬೀಳುತ್ತದೆ, ದೂರದಲ್ಲಿ ರೈಲು. ಮುಂದೇನು ಎಂದು ದಯವಿಟ್ಟು ಮೊದಲೇ ಹೇಳಬೇಡಿ.