ಆರು ಸಲ ಗೆದ್ದವ್ರು ಐದು ಸಲ ಯಾಕೆ ಸೋತ್ರು?

ಪ್ರಶ್ನೆ: ಸಾರ್, ಶ್ರೀನಿವಾಸಪುರದ ರಮೇಶ್ ಕುಮಾರ್ ಅವ್ರು ಎರಡು ಸಲ ಸ್ಪೀಕರ್ ಆದವ್ರು. ಅಂಥವ್ರನ್ನೂ ಊರ ಜನ ಸೋಲಿಸ್ತಾನೇ ಬಂದ್ರಲ್ಲ, ಬೆಲೆ ಗೊತ್ತಿಲ್ವಾ?
- ಓದುಗರೊಬ್ಬರು, ಮುಳಬಾಗಿಲು

ಉತ್ತರ: ಬೆಲೆ ಗೊತ್ತಿರೋದಕ್ಕೇ ಅಲ್ವಾ ಆರು ಸಲ ಕಳ್ಸಿದ್ದು. ಲೆಕ್ಕ ನೋಡಿ, 1978ರಲ್ಲಿ ಅಡ್ಡಗಲ್‌ನ ರಮೇಶ್ ಕುಮಾರ್ ಮೊದಲ ಸಲ ಗೆದ್ರು, 1983ಕ್ಕೆ ಜಿ.ಕೆ. ವೆಂಕಟಶಿವಾರೆಡ್ಡಿ ಬಂದ್ರು, 85ಕ್ಕೆ ಸ್ವಾಮಿ (ರಮೇಶ್ ಕುಮಾರ್ ಅವ್ರನ್ನೇ ಊರೋರು ಹಿಂಗನ್ನೋದು), 89ಕ್ಕೆ ರೆಡ್ಡಿ, 94ಕ್ಕೆ ಸ್ವಾಮಿ, 99ಕ್ಕೆ ರೆಡ್ಡಿ, ಹಿಂಗೇ 2004, 2008, 2013ರ ತನಕ ಒಂದು ಸಲಾನೂ ಸರದಿ ತಪ್ಪಿಲ್ಲ. 2018ರಲ್ಲಿ ಮಾತ್ರ ಸ್ವಾಮಿಯವ್ರು ಸತತ ಎರಡನೇ ಸಲ ಗೆದ್ರು, 2023ಕ್ಕೆ ತಿರುಗಾ ರೆಡ್ಡಿ. 45 ವರ್ಷ, 11 ಚುನಾವಣೆ, ಇಬ್ಬರೇ ಇಬ್ಬರು! ಕಾಂಗ್ರೆಸ್ಸು, ಜನತಾ ಪಕ್ಷ, ಜನತಾದಳ, ತಿರುಗಾ ಕಾಂಗ್ರೆಸ್ಸು ಅಂತ ಸ್ವಾಮಿಯವ್ರ ಪಾರ್ಟಿ ಬದಲಾಯ್ತು, ರೆಡ್ಡಿಯವ್ರೂ ಒಂದೇ ಪಾರ್ಟಿಲಿ ಇರ್ಲಿಲ್ಲ, ಆದ್ರೆ ಮಾವಿನ ತೋಪಲ್ಲಿ ಕೂತು ಮಾತಾಡೋರಿಗೆ ಯಾವ ಚಿಹ್ನೆ ಅನ್ನೋದು ಆಮೇಲಿನ ಮಾತು, ಸ್ವಾಮಿ ಕಡೆನಾ ರೆಡ್ಡಿ ಕಡೆನಾ ಅನ್ನೋದೇ ಮೊದಲು.

ನನಗನ್ಸೋದು, ಈ ಸೋಲುಗಳೇ ಅವ್ರನ್ನ ಕ್ಷೇತ್ರಕ್ಕೆ ಕಟ್ಟಿಹಾಕಿದ್ದು. ಸೋತ ಮೇಲೆ ಮನೆ ಬಾಗಿಲು ಹಾಕ್ಕೊಂಡು ಬೆಂಗಳೂರಲ್ಲಿ ಕೂತಿದ್ರೆ ಮುಂದಿನ ಸಲ ಜನ ತಿರುಗಿ ನೋಡ್ತಾ ಇರ್ಲಿಲ್ಲ. ಆದ್ರೆ ಒಂದು ನೋವೂ ಇದೆ ನನಗೆ, ಈ ಇಬ್ಬರ ಜಿದ್ದಿನ ಮಧ್ಯೆ ಮೂರನೇವ್ರೊಬ್ರು, ಒಬ್ಬ ಹೆಣ್ಮಗಳೋ ಒಬ್ಬ ಹುಡುಗನೋ, ಗೆದ್ದು ಬರೋಕೆ ಆಗ್ಲೇ ಇಲ್ಲ.

ಪ್ರಶ್ನೆ: 2019ರಲ್ಲಿ ಅವ್ರು 17 ಶಾಸಕರನ್ನ ಅನರ್ಹ ಮಾಡಿದ್ದು ಕೋರ್ಟಲ್ಲಿ ಬಿದ್ದೋಯ್ತು ಅಂತಾರೆ, ನಿಜಾನಾ?
- ಓದುಗರೊಬ್ಬರು, ಚಿಂತಾಮಣಿ

ಉತ್ತರ: ಅರ್ಧ ನಿಜ. ಜುಲೈ 25ಕ್ಕೆ ಮೂವರು, 28ಕ್ಕೆ 14 ಮಂದಿ, ಮಾರನೇ ದಿನ ಸ್ಪೀಕರ್ ಸ್ಥಾನಕ್ಕೆ ಅವ್ರೇ ರಾಜೀನಾಮೆ ಕೊಟ್ರು. ನವೆಂಬರ್ 13ಕ್ಕೆ ಸುಪ್ರೀಂ ಕೋರ್ಟ್ ಅನರ್ಹತೆ ಸರಿ ಅಂತಾನೇ ಹೇಳ್ತು, ವಿಧಾನಸಭೆ ಅವಧಿ ಮುಗಿಯೋ ತನಕ ಚುನಾವಣೆಗೆ ನಿಲ್ಲಂಗಿಲ್ಲ ಅನ್ನೋ ಭಾಗ ಮಾತ್ರ ತೆಗೆದುಹಾಕ್ತು. 1994ರಿಂದ 99ರ ತನಕ ಅದೇ ಕುರ್ಚಿಲಿ ಕೂತು ನಿಯಮ ಅರೆದು ಕುಡಿದವ್ರು, ಅದು ಕೆಲಸಕ್ಕೆ ಬಂತು. ಅಷ್ಟು ಚೆನ್ನಾಗಿ ಮಾತಾಡೋ ಮನುಷ್ಯ 2021ರ ಡಿಸೆಂಬರಲ್ಲಿ ಬೆಳಗಾವಿ ಅಧಿವೇಶನದಲ್ಲಿ ಅತ್ಯಾಚಾರದ ಬಗ್ಗೆ ಆಡಿದ ಮಾತು ಮಾತ್ರ ಆಡಬಾರದಾಗಿತ್ತು. ಮಾರನೇ ದಿನ ಕ್ಷಮೆ ಕೇಳಿದ್ರು, ಆದ್ರೂ ಅದು ನನ್ನ ಮನಸ್ಸಿಂದ ಹೋಗಿಲ್ಲ.

ಆರೋಗ್ಯ ಮಂತ್ರಿ ಆಗಿದ್ದಾಗ 2017ರಲ್ಲಿ ತಂದ ಖಾಸಗಿ ಆಸ್ಪತ್ರೆ ಕಾಯ್ದೆ ತಿದ್ದುಪಡೀನ ಯಾರೂ ಈಗ ನೆನೆಸ್ಕೊಳ್ಳಲ್ಲ. ರಾಜ್ಯದ ಖಾಸಗಿ ಡಾಕ್ಟ್ರುಗಳು ಮುಷ್ಕರ ಹೂಡಿದ್ರು, ಮಸೂದೆ ಸ್ವಲ್ಪ ಸಡಿಲ ಆಗಿ ಪಾಸಾಯ್ತು, ಆದ್ರೂ ಬಿಲ್ ಬಾಕಿ ಇದೆ ಅಂತ ಹೆಣ ಕೊಡದೆ ಹಿಡ್ಕೋಬಾರ್ದು ಅನ್ನೋದು ಅದ್ರಲ್ಲಿ ಉಳೀತು. ಬಡವರ ಮನೇಲಿ ಸಾವಾದಾಗ ಅದ್ರ ಬೆಲೆ ಗೊತ್ತಾಗೋದು.

ಪ್ರಶ್ನೆ: ಕೆ.ಸಿ. ವ್ಯಾಲಿ ನೀರು ತಂದಿದ್ದು ಅವ್ರೇನಾ?
- ಓದುಗರೊಬ್ಬರು, ಕೋಲಾರ

ಉತ್ತರ: ಒಬ್ಬರೇ ಅಲ್ಲ, ಸಿದ್ದರಾಮಯ್ಯ ಸರ್ಕಾರದ ಯೋಜನೆ ಅದು, ಆದ್ರೆ ಅದರ ಹಿಂದೆ ಬಿದ್ದು ಓಡಾಡಿದವ್ರಲ್ಲಿ ಇವ್ರು ಮುಂದಿದ್ರು. ಬೆಂಗಳೂರಿನ ಕೊಳಚೆ ನೀರನ್ನ ಶುದ್ಧ ಮಾಡಿ 126 ಕೆರೆ ತುಂಬ್ಸೋ ಲೆಕ್ಕ. 2018ರ ಜೂನಲ್ಲಿ ಲಕ್ಷ್ಮೀಸಾಗರ ಕೆರೆಗೆ ಮೊದಲ ನೀರು ಬಂತು, ಮರು ತಿಂಗಳೇ ನೊರೆ ಕಾಣಿಸ್ಕೊಂಡು ಹೈಕೋರ್ಟ್ ತಡೆದು ಆಮೇಲೆ ಬಿಡ್ತು. ಒಣಗಿದ್ದ ಬೋರ್‌ವೆಲ್‌ಗಳಲ್ಲಿ ನೀರು ಬಂದಿದ್ದಕ್ಕೆ ರೈತರು ಖುಷಿಯಾಗಿದ್ದಾರೆ. ಆದ್ರೆ ಎರಡೇ ಹಂತದ ಶುದ್ಧೀಕರಣ ಸಾಲದು, ಮೂರನೇ ಹಂತಾನೂ ಮಾಡಿ ಅಂತ ಜಿಲ್ಲೆಯ ಹೋರಾಟಗಾರರು ಕೇಳ್ತಾ ಇರೋದು ನ್ಯಾಯವಾದ್ದೇ, ಅದೇ ಕೆರೆ ಪಕ್ಕದ ಬೋರ್ ನೀರನ್ನ ಮಕ್ಕಳು ಕುಡೀತಾರೆ.