ಕೊರಿಯಾ ಅಂದ್ರೆ ಸಿಯೋಲ್, ಫೋನು, ಕಾರು ಅಷ್ಟೇನಾ? ಅಲ್ಲಿ ರೈತರ ಊರುಗಳು ಹೇಗಿವೆ?

ದಕ್ಷಿಣ ಕೊರಿಯಾದ ಡೇಗು ನಗರದಲ್ಲಿ ಓದುತ್ತಿದ್ದಾಗ ಒಂದು ಜೂನ್‌ನಲ್ಲಿ ಉಯಿಸೊಂಗ್‌ಗೆ ಹೋಗಿದ್ದೆ. ನಮ್ಮ ತಾಲ್ಲೂಕಿನಂಥ ಜಾಗ. ಬಸ್ ಇಳಿದ ಕೂಡಲೇ ಬೆಳ್ಳುಳ್ಳಿ ಘಾಟು. ಅಕ್ಟೋಬರ್‌ನಲ್ಲಿ ನೆಟ್ಟಿದ್ದು ಚಳಿಗಾಲ ಪೂರ್ತಿ ಮಣ್ಣಲ್ಲಿದ್ದು ಜೂನ್‌ಗೆ ಕೈಗೆ ಬರುತ್ತದೆ. ಗಡ್ಡೆಗೆ ಆರೇಳೇ ಎಸಳು, ದಪ್ಪ, ಖಾರ ಜಾಸ್ತಿ. ಕಿತ್ತಿದ್ದನ್ನು ಗರಿ ಸಮೇತ ಕಟ್ಟು ಕಟ್ಟಿ ಗಾಳಿಯಾಡುವ ಶೆಡ್ಡಿನಲ್ಲಿ ನೇತು ಹಾಕುತ್ತಾರೆ. ನೂರು ಗಡ್ಡೆಗೆ ಒಂದು 'ಜೊಪ್', ವ್ಯಾಪಾರದ ಲೆಕ್ಕ ಅದರಲ್ಲೇ. ನಾನು ನೋಡಿದ ಶೆಡ್ಡಿನಲ್ಲಿ ಕಟ್ಟು ಕಟ್ಟುತ್ತಿದ್ದವರೆಲ್ಲ ಅಜ್ಜಿಯರು.

ಊರು ಬಹಳ ಹಳೆಯದು. ಜೊಮುನ್ ಎಂಬ ಪುಟ್ಟ ರಾಜ್ಯ ಇಲ್ಲಿತ್ತು, ಗುಡ್ಡೆಯಂಥ ಸಮಾಧಿಗಳು ಈಗಲೂ ಇವೆ. ಆದರೆ ಇವತ್ತಿನ ಉಯಿಸೊಂಗ್ ಅರ್ಥವಾಗಬೇಕಾದರೆ 1950ರ ಭೂಸುಧಾರಣೆಯಿಂದ ಶುರು ಮಾಡಬೇಕು. ಗೇಣಿದಾರರಿಗೆ ಜಮೀನು ಸಿಕ್ಕಿತು, ಒಂದು ಮನೆಗೆ ಸುಮಾರು 3 ಹೆಕ್ಟೇರಿನ ಮಿತಿ. ಸಣ್ಣ ಹಿಡುವಳಿ, ಎಲ್ಲರ ಮಕ್ಕಳೂ ಅದರಲ್ಲೇ ಬದುಕುವುದು ಆಗದ ಮಾತು. ಎತ್ತು ಮಾರಿ ಮಕ್ಕಳ ಕಾಲೇಜು ಫೀಸು ಕಟ್ಟಿದರು. ಕೊರಿಯಾದಲ್ಲಿ ಕಾಲೇಜಿಗೆ 'ಎತ್ತಿನ ಮೂಳೆಯ ಗೋಪುರ' ಎಂಬ ಅಡ್ಡಹೆಸರೇ ಬಿತ್ತು ನೋಡಿ. ಓದಿದವರು ವಾಪಸ್ ಬರುತ್ತಾರಾ? 1960ರ ದಶಕದಲ್ಲಿ 2 ಲಕ್ಷ ದಾಟಿದ್ದ ಜನಸಂಖ್ಯೆ ಈಗ 50 ಸಾವಿರದ ಆಸುಪಾಸು. ನೂರಕ್ಕೆ 40ಕ್ಕಿಂತ ಜಾಸ್ತಿ ಮಂದಿ 65 ದಾಟಿದವರು.

ಭತ್ತ, ಸೇಬು, ಪ್ಲಮ್ ಕೂಡ ಬೆಳೆಯುತ್ತಾರೆ, ಆದರೆ ಹೆಸರು ಬೆಳ್ಳುಳ್ಳಿಯದ್ದೇ. ಅದಕ್ಕೆ ಚೀನಾದ ಕಾಟ. 2000ದಲ್ಲಿ ಕೊರಿಯಾ ಸರ್ಕಾರ ತನ್ನ ರೈತರನ್ನು ಕಾಪಾಡೋಣ ಅಂತ ಚೀನಾದಿಂದ ಬರುವ ಹೆಪ್ಪುಗಟ್ಟಿಸಿದ ಬೆಳ್ಳುಳ್ಳಿಗೆ 315% ಸುಂಕ ಹಾಕಿತು. ಚೀನಾ ಏನು ಮಾಡಿತು ಗೊತ್ತಾ? ಒಂದೇ ವಾರದಲ್ಲಿ ಕೊರಿಯಾದ ಮೊಬೈಲ್ ಫೋನ್ ಆಮದನ್ನೇ ನಿಲ್ಲಿಸಿಬಿಟ್ಟಿತು. ಮುಂದಿನ ತಿಂಗಳೇ ಸಿಯೋಲ್ ಬಗ್ಗಿತು, ಚೀನಾದ ಬೆಳ್ಳುಳ್ಳಿ ಮತ್ತೆ ಒಳಗೆ ಬಂತು. ಲೆಕ್ಕ ಹಾಕಿದರೆ ಸರಿಯೇ ಇರಬಹುದು, ಫೋನಿನ ದುಡ್ಡು ಎಷ್ಟೋ ಪಟ್ಟು ದೊಡ್ಡದು. ಆದರೆ ಆ ಫೋನ್ ಮಾಡುವ ಎಂಜಿನಿಯರುಗಳನ್ನು ಓದಿಸಿದ್ದು ಇಂಥ ಊರುಗಳೇ ಅಲ್ವಾ, ನನಗೆ ಅದು ಇವತ್ತಿಗೂ ಚುಚ್ಚುತ್ತದೆ.

ಖುಷಿಯ ಸುದ್ದಿಯೂ ಇದೆ. 2006ರಲ್ಲಿ ಇಲ್ಲೊಂದು ಕರ್ಲಿಂಗ್ (ಮಂಜುಗಡ್ಡೆ ಮೇಲೆ ಕಲ್ಲು ಜಾರಿಸುವ ಆಟ) ಕೇಂದ್ರ ಕಟ್ಟಿದರು. ಅಲ್ಲಿ ಆಡಿ ಬೆಳೆದ ಹುಡುಗಿಯರು 2018ರ ಚಳಿಗಾಲದ ಒಲಿಂಪಿಕ್ಸ್‌ನಲ್ಲಿ ಬೆಳ್ಳಿ ಗೆದ್ದರು. ಬೆಳ್ಳುಳ್ಳಿ ಊರಿಗೆ ಬೆಳ್ಳಿ! ಈ ಮಜಾ ಕನ್ನಡದಲ್ಲಿ ಮಾತ್ರ. ಆಮೇಲೆ ಕಷ್ಟವೂ ಬಂತು. 2025ರ ಮಾರ್ಚ್‌ನಲ್ಲಿ ಇಲ್ಲೇ ಹೊತ್ತಿದ ಕಾಡ್ಗಿಚ್ಚು ಸಮುದ್ರದ ತನಕ ಹಬ್ಬಿತು, 681ರಲ್ಲಿ ಶುರುವಾದ ಗೊಉನ್ಸಾ ದೇಗುಲದ ಹಲವು ಕಟ್ಟಡಗಳು ಸುಟ್ಟುಹೋದವು.

ಹೋಗುವುದಾದರೆ ಜೂನ್‌ನಲ್ಲಿ ಹೋಗಿ. ಹಳ್ಳಿಗಳಿಗೆ ಬಸ್ಸು ಕಮ್ಮಿ, ಕೊನೆಯದು ಎಷ್ಟು ಹೊತ್ತಿಗೆ ಅಂತ ಮೊದಲೇ ಕೇಳಿಕೊಳ್ಳಿ. ನಾನು ಕೇಳಿರಲಿಲ್ಲ.